ತೆಲ್ವಿಯ ಮನಸ್ಸು

ಗುರುವಮ್ಮಾ,

ಇದನ್ನು ನೀವು ಓದುವುದಿಲ್ಲವೆಂದು ಗೊತ್ತಿದ್ದೇ ಬರೆಯುತ್ತಿದ್ದೇನೆ. ನಿಮ್ಮ ಪೀಠದಲ್ಲಿ ಈಗ ತೆಲ್ವಿ ಕೂರುತ್ತಾಳೆ. ಕೂರಲಿ, ಸಾಯುವ ಹಿಂದಿನ ದಿನ ಅವಳ ಹೆಸರು ಹೇಳಿದವರು ನೀವೇ.

ಇವತ್ತು ಎರಡನೆಯ ಸೂರ್ಯ ಹುಟ್ಟುವ ಹೊತ್ತಿಗೆ ವಾದಕಟ್ಟೆಯಲ್ಲಿ ನನಗೂ ಅವಳಿಗೂ ಸರದಿ ಬಂತು. ನಮ್ಮ ಎದುರುದನಿ ಪಂಥದಲ್ಲಿ ಕಟ್ಟೆಯ ಮೇಲೆ ಯಾರೂ ತಮ್ಮ ಮಾತು ಆಡುವಂತಿಲ್ಲ, ಎದುರಿಗಿದ್ದವರ ಮನಸ್ಸನ್ನೇ ಆಡಬೇಕು. ಹೀಗೆ ನಿಯಮ ಮಾಡಿದವರಿಗೆ ಹೊಟ್ಟೆಕಿಚ್ಚೆಂದರೇನೆಂದು ಗೊತ್ತಿತ್ತೋ ಇಲ್ಲವೋ.

ಮೊದಲು ನಾನು ಎದ್ದೆ. "ನಾನು ತೆಲ್ವಿ. ಗುರುವಮ್ಮನ ಕಾಲು ಒತ್ತಿ ಒತ್ತಿ ಪೀಠ ಹತ್ತಿದೆ. ಓರುಣನ ಮುಖ ನೋಡಿದ್ರೆ ಒಳಗೊಳಗೇ ನಗು ಬರತ್ತೆ."

ಕಟ್ಟೆಯವರೆಲ್ಲ ನಕ್ಕರು. ತೆಲ್ವಿ ಮಾತ್ರ ಇಲ್ಲವೆಂದು ತಲೆಯಾಡಿಸಿದಳು. ಅಂದರೆ ನಾನು ಸೋತೆ.

ಆಮೇಲೆ ಅವಳು ನಾನಾಗಿ ಎದ್ದಳು. "ನಾನು ಓರುಣ. ಹದಿನಾಲ್ಕು ವರ್ಷ ಗುರುವಮ್ಮಂಗೆ ಗಂಜಿ ಕಾಯಿಸಿದೆ. ನಂಗೆ ಪೀಠ ಬೇಕಿರ್ಲಿಲ್ಲ. ನೀನು ನನ್ನ ಮಗ ಅಂತ ಒಂದ್ಸಲ ಅಂದಿದ್ರೆ ಸಾಕಿತ್ತು."

ಇಲ್ಲವೆನ್ನಲು ನನ್ನಿಂದಾಗಲಿಲ್ಲ.

ಕಟ್ಟೆ ಇಳಿದ ಮೇಲೆ ಕೇಳಿದೆ, "ಹಾಗಾದ್ರೆ ನಿನ್ನ ಮನಸ್ಸಲ್ಲಿ ಇರೋದೇನೇ?"

"ಹೊಟ್ಟೆಕಿಚ್ಚು ಕಣೋ. ಕೊನೇ ದಿನ ಪಕ್ಕದಲ್ಲಿ ಕೂತಿದ್ದವಳು ನಾನು, ಅವರು ಕರೆದಿದ್ದು ನಿನ್ನ. ಮೂರು ಸಲ ಕರೆದ್ರು. ನೀನು ಹೊಳೆ ಹತ್ರ ಇದ್ದೆ ಅಂತ ಕಾಣತ್ತೆ, ಕೇಳ್ಸಿರಲ್ಲ ಬಿಡು."

ಹೂಂ ಅಂದೆ.

ನಾನು ನಿಮ್ಮ ಕೋಣೆಯ ಗೋಡೆಯ ಆಚೆಯೇ ನಿಂತಿದ್ದೆ, ಗುರುವಮ್ಮಾ. ಮೂರು ಸಲವೂ ಕೇಳಿಸಿತ್ತು.

ಓರುಣ