ಅಂಕಿಯ ಕೆಳಗಿನ ಗೆರೆ

ಗೌರಿಬಿದನೂರು
12-6-2024

ಬಷೀರ್ ಸಾರ್ ಅವರಿಗೆ, ನಿಮ್ಮ ಕೈಕೆಳಗೆ ಡ್ರಾಯಿಂಗ್ ಕಲಿತ ಪವಿತ್ರಳ ನಮಸ್ಕಾರಗಳು.

ಹೋದ ವಾರ ಚಿಕ್ಕಬಳ್ಳಾಪುರದ ಬಸ್ ನಿಲ್ದಾಣದಲ್ಲಿ ನಿಮ್ಮ ಮಗಳು ಸಾಬ್ರೀನ್ ಸಿಕ್ಕಿದ್ದಳು. ನಿಮ್ಮ ಆರೋಗ್ಯ ವಿಚಾರಿಸಿದೆ. ಅಬ್ಬಾ ಚೆನ್ನಾಗಿದಾರೆ ಆಂಟಿ, ಆದ್ರೆ ಕಾರ್ಖಾನೆ ಬಿಟ್ಟಾಗಿಂದ್ಲೂ ಹಂಗೇ, ಚಿಲ್ಕ ಹಾಕಿ ಬಂದ್ರೂ ಮತ್ತೆ ಮತ್ತೆ ಹೋಗಿ ನೋಡ್ತಾರೆ, ನನ್ ಕೈನ ನಂಬೋಕಾಗಲ್ಲ ಅಂತಾರೆ, ಅಂದಳು. ನನ್ನ ಬಸ್ಸು ಬಂದರೂ ಹತ್ತಲಿಲ್ಲ.

ತೊಂಬತ್ತನಾಲ್ಕರಲ್ಲಿ ನಮ್ಮ ಕಾರ್ಖಾನೆಗೆ ಮೊದಲ ಕಂಪ್ಯೂಟರ್ ಬಂದಾಗ ಬೆಂಗಳೂರಿಗೆ ಹೋಗಿ, ಅದರಲ್ಲೇ ನಕ್ಷೆ ಬರೆಯುವ ಕ್ಯಾಡ್ ಕಲಿತು ಬಂದವಳು ನಾನೊಬ್ಬಳೇ. ನೀವು ಕೈಯಲ್ಲಿ ಬರೆದಿದ್ದ ರೇಷ್ಮೆ ರೀಲಿಂಗ್ ಮಷೀನಿನ ನಕ್ಷೆಗಳನ್ನೆಲ್ಲ ಅದಕ್ಕೆ ಏರಿಸುವುದು ನನ್ನ ಕೆಲಸ. ಜಂಬ ಎಷ್ಟಿತ್ತೋ ನನಗೇ ಗೊತ್ತು. ಅಳತೆ ಬದಲಾದರೆ ಇಡೀ ಚಿತ್ರ ಮತ್ತೆ ಬರೆಯದೆ, ಅಂಕಿ ಮಾತ್ರ ತಿದ್ದಿ ಅದರ ಕೆಳಗೊಂದು ಗೆರೆ ಎಳೆಯುವುದು ನಿಮ್ಮ ಪದ್ಧತಿ. ಗೆರೆ ಇದ್ರೆ ಅಂಕೀನೇ ನಂಬು, ಚಿತ್ರ ಅಳೀಬೇಡ ಕಣಮ್ಮ, ಅಂತ ಮೊದಲ ದಿನವೇ ಹೇಳಿಕೊಟ್ಟಿದ್ದಿರಿ.

ಆ ಮಷೀನಿನ ಶಾಫ್ಟಿನ ನಕ್ಷೆಯಲ್ಲಿ ನೀವು ತಿದ್ದಿದ ಅಂಕಿ 480 ಮಿಲಿಮೀಟರ್, ಚಿತ್ರ ಮಾತ್ರ ಹಳೆಯ ಅಳತೆಯದು. ಅವಸರದಲ್ಲಿ ಚಿತ್ರವನ್ನೇ ಅಳೆದು ಹಾಕಿದೆ. ಕಂಪ್ಯೂಟರ್ 460 ಎಂದು ತಾನೇ ಬರೆದುಕೊಂಡಿತು. ಶಿಡ್ಲಘಟ್ಟಕ್ಕೆ ಹೋಗಬೇಕಿದ್ದ ಇನ್ನೂರು ಶಾಫ್ಟುಗಳು ಗಿಡ್ಡವಾಗಿ, ಗುಜರಿ ಪಾಲಾದವು.

ಮಾಲೀಕರು ರಮೇಶ್‌ಬಾಬು ನಿಮ್ಮ ಟ್ರೇಸಿಂಗ್ ಹಾಳೆಯನ್ನು ಕಿಟಕಿಯ ಬೆಳಕಿಗೆ ಹಿಡಿದರು. ಅಂಕಿಯ ಕೆಳಗೆ ಗೆರೆ ಇರಲಿಲ್ಲ. ನೀವು ಕನ್ನಡಕ ಒರೆಸಿಕೊಂಡು ಎರಡು ಸಲ ನೋಡಿ, ಗೆರೆ ಎಳಿಯೋದು ನಾನೇ ಮರ್ತಿದೀನಿ ಸಾರ್, ಆ ಮಗೂನ ಏನೂ ಅನ್ಬೇಡಿ, ಅಂದಿರಿ. ಆ ತಿಂಗಳೇ ಕೆಲಸ ಬಿಟ್ಟು ಚಿಂತಾಮಣಿಗೆ ಹೋದಿರಿ. ನಿಮ್ಮ ಕುರ್ಚಿಯಲ್ಲಿ ನಾನು ಇಪ್ಪತ್ತೆಂಟು ವರ್ಷ ಕೂತೆ.

ಅಂಕಿ ಓದದೆ ಚಿತ್ರ ಅಳೆದ ತಪ್ಪು ನನ್ನದು ಅಂತ ಅವತ್ತೇ ಬಾಯಿ ಬಿಡಬೇಕಿತ್ತು. ಕೆಲಸ ಹೋದೀತೆಂಬ ಭಯಕ್ಕೆ ತುಟಿ ಪಿಟಕ್ಕೆನ್ನಲಿಲ್ಲ. ಕ್ಷಮಿಸಿ ಅನ್ನುವುದಕ್ಕೂ ನಾಚಿಕೆಯಾಗುತ್ತದೆ, ಸಾರ್.

ಇಂತಿ,
ನಿಮ್ಮ ಶಿಷ್ಯೆ ಅನ್ನಿಸಿಕೊಳ್ಳಲು ಲಾಯಕ್ಕಿಲ್ಲದ
ಪವಿತ್ರ

ತಾ.ಕ.: ಅಂಟಿಸಿದ ಲಕೋಟೆಯನ್ನು ಮತ್ತೆ ಒಡೆದು ಇದನ್ನು ಬರೆಯುತ್ತಿದ್ದೇನೆ. ನೀವು ಮರೆತಿರಲಿಲ್ಲ. ಗೆರೆ ಇತ್ತು. ಶಾಫ್ಟು ಗಿಡ್ಡವೆಂದು ಗೊತ್ತಾದ ಶುಕ್ರವಾರ ನೀವು ನಮಾಜಿಗೆ ಹೋಗಿದ್ದಾಗ, ಹಾಳೆ ಹರಿಯದ ಹಾಗೆ ಬ್ಲೇಡಿನಿಂದ ಅದನ್ನು ಕೆರೆದು ತೆಗೆದವಳು ನಾನು. ಈ ಸಾಲುಗಳನ್ನು ಮನೆಯವರೆಲ್ಲರ ಎದುರಿಗೆ ಗಟ್ಟಿಯಾಗಿ ಓದಿ.