ಬೂಟು ಬಿಚ್ಚಬೇಡ, ಹಾಗೇ ಬಾ

ಮಾರ್ಚ್ 4, 2019. ಸೋಮವಾರ, ಸಂಜೆ

ಬೆಳಗ್ಗಿನಿಂದ ಟೈರು. ಹಿಮ ಕರಗುವ ಮೊದಲೇ ಬೇಸಿಗೆ ಟೈರು ಹಾಕಿಸುವ ಆತುರಗಾರರು, ಕರಗಿದ ಮೇಲೂ ಹಾಕಿಸದ ಸೋಮಾರಿಗಳು... ಇಬ್ಬರಿಂದಲೂ ನನ್ನ ಅಂಗಡಿ ನಡೆಯುತ್ತದೆ. ಚಳಿಗೊಂದು ಟೈರು, ಬಿಸಿಲಿಗೊಂದು ಟೈರು, ನಡುವೆ ನನಗೊಂದು ಬಿಯರು. ಅಮ್ಮನಿಗೆ ಗೊತ್ತಾಗಬಾರದು, ಅಷ್ಟೇ.

ಕೈಯೆಲ್ಲ ಮಸಿಯಾಗಿದ್ದಾಗ ಫೋನು. ಸರಾಯೆವೊ ಕೋರ್ಟಿನಿಂದ. ಸಾಕ್ಷಿಗಳನ್ನು ನೋಡಿಕೊಳ್ಳುವ ಹುಡುಗಿಯಂತೆ. ದನಿ ಮೆತ್ತಗೆ, ಆಸ್ಪತ್ರೆಯವರ ಹಾಗೆ. ಏಪ್ರಿಲ್ 16ಕ್ಕೆ ನಾನು, 17ಕ್ಕೆ ಅಮ್ಮ. ವಿದೊಯೆಯ ಮೇಲಿನ ಯುದ್ಧಾಪರಾಧದ ಕೇಸು ಕೊನೆಗೂ ನಮ್ಮ ತನಕ ಬಂತು.

"ಬೇಕಿದ್ರೆ ಪರದೆ ಹಿಂದೆ ಕೂತು ಹೇಳಬಹುದು. ದನಿಯನ್ನೂ ಬದಲಾಯಿಸ್ತೀವಿ" ಅಂದಳು.

"ಯಾರಿಂದ ಬಚ್ಚಿಟ್ಟುಕೊಳ್ಳೋದು ತಾಯಿ? ಆರೋಪಿ ನಮ್ಮ ಬೇಲಿಯಾಚೆಯವನು. ನಾನು ಕೆಮ್ಮಿದ್ರೂ ಗುರುತು ಹಿಡೀತಾನೆ."

ನಗಲಿಲ್ಲ. ಬರಕೊಂಡಳು ಅನಿಸುತ್ತೆ.

ಮಾರ್ಚ್ 10, ಭಾನುವಾರ

ಸರ್ಕಾರಿ ವಕೀಲೆಯ ಅಪ್ಪಣೆ: ನಡೆದದ್ದನ್ನು ಮನಸ್ಸಲ್ಲೇ ಒಮ್ಮೆ ತಿರುವಿ ಹಾಕಿ, ಬರೆದು ತರಬೇಡಿ. ಇಲ್ಲಿ ಬರೆದರೆ ತಂದ ಹಾಗಲ್ಲವಲ್ಲ.

1992ರ ಜೂನ್. ಯುದ್ಧದ ಮೊದಲ ಬೇಸಿಗೆ, ನಮ್ಮ ಮುಸ್ಲಿಂ ಗಂಡಸರನ್ನು ಮನೆಮನೆಯಿಂದ ಎಳೆದೊಯ್ಯುತ್ತಿದ್ದ ಕಾಲ. ನನಗೆ ಹದಿನಾಲ್ಕು. ಮೂವರು ಬಂದರು. ಮುಖಕ್ಕೆ ಕಪ್ಪು ಟೋಪಿ ಗಲ್ಲದ ತನಕ, ಕಣ್ಣಿಗೆ ತೂತು. ಇಬ್ಬರು ನುಗ್ಗಿದರು. ಮೂರನೆಯವನು ಹೊಸ್ತಿಲಲ್ಲಿ ನಿಂತ. ಬಾಗಿಲ ಬಳಿಯ ಬೆಂಚಿನ ಮೇಲೆ ಕೂತ. ಲೇಸು ಬಿಚ್ಚಿದ. ಎರಡೂ ಬೂಟು ಕಳಚಿ, ಬೆಂಚಿನ ಕೆಳಗೆ ಮೂಲೆಯಲ್ಲಿ, ಮೂತಿ ಹೊರಗೆ ಮಾಡಿ ಜೋಡಿಸಿಟ್ಟ. ಕೈಯಲ್ಲಿ ಬಂದೂಕು, ಕಾಲಲ್ಲಿ ಉಣ್ಣೆಯ ಕಾಲುಚೀಲ. ಶುಕ್ರವಾರದ ಇಸ್ಪೀಟಿಗೆ ಬಂದಾಗೆಲ್ಲ ಪಕ್ಕದ ಮನೆ ವಿದೊಯೆ ಮಾಡುತ್ತಿದ್ದದ್ದು ಅದನ್ನೇ. ಅದೇ ಬೆಂಚು, ಅದೇ ಮೂಲೆ.

"ಏನೋ, ಮದುವೆಗೆ ಬಂದಿದೀಯಾ?" ಅಂದ ಜೊತೆಯವನು.

ಅಪ್ಪ ಗೋಡೆಗೆ ಕೈಯೊತ್ತಿ ನಿಂತಿದ್ದ, ಪಕ್ಕದಲ್ಲಿ ನಾನೂ ಅಮ್ಮನೂ. ತಿರುಗಿದ. ಬೂಟು ನೋಡಿದ. ಮನೆಗೆ ಬಂದವರಿಗೆಲ್ಲ ಹೇಳುತ್ತಿದ್ದ ಮಾತನ್ನೇ ಹೇಳಿದ.

"ಬೂಟು ಬಿಚ್ಚಬೇಡ ಮಾರಾಯ, ಹಾಗೇ ಬಾ."

ನಮ್ಮಲ್ಲಿ ಅದು ಬರೀ ಉಪಚಾರ. ಮನೆಯವರು ಬಿಚ್ಚಬೇಡ ಅನ್ನಬೇಕು, ಬಂದವರು ಬಿಚ್ಚಲೇಬೇಕು. ಅವತ್ತು ಮಾತ್ರ ಬಂದವನು ಅಪ್ಪನ ಮಾತು ಕೇಳಿದ. ಬೂಟು ಮತ್ತೆ ಹಾಕಿಕೊಂಡ. ಅಪ್ಪನನ್ನು ಕರಕೊಂಡು ಹೋದರು. ಇನ್ನೂ ಬಂದಿಲ್ಲ.

ನಮ್ಮ ಹತ್ತಿರ ಇರುವುದು ಅಷ್ಟೇ. ಮುಖ ಇಲ್ಲ, ದನಿ ಇಲ್ಲ. ಒಂದು ಜೊತೆ ಬೂಟು.

ಮಾರ್ಚ್ 23, ಶನಿವಾರ

ಸ್ತಾನಾ ಅತ್ತೆ ಬಂದಿದ್ದಳು. ವಿದೊಯೆಯ ಹೆಂಡತಿ. ಯುದ್ಧ ಮುಗಿದು ನಾವು ಹಳ್ಳಿಗೆ ವಾಪಸಾದಾಗ ಅಮ್ಮನಿಗೆ ಮೊದಲ ಬುಟ್ಟಿ ಆಲೂಗಡ್ಡೆ ಕೊಟ್ಟವಳು. ಅವನು ನಮ್ಮ ಅಂಗಳಕ್ಕೆ ಕಾಲಿಟ್ಟಿಲ್ಲ. ಇವಳು ಕಾಫಿಗೆ ಬರುವುದು ತಪ್ಪಿಸಿಲ್ಲ. "ಶೂ ಬಿಚ್ಚಬೇಡ ಕಣೇ, ಬಾ" ಅನ್ನುತ್ತಾಳೆ ಅಮ್ಮ. ಬಿಚ್ಚಿಯೇ ಬರುತ್ತಾಳೆ. ಕೋಳಿ, ಮೊಣಕಾಲು, ಮೊಮ್ಮಕ್ಕಳು... ಮಾತು ಈ ಮೂರರ ಆಚೆ ಹೋಗುವುದಿಲ್ಲ. ನಾಲ್ಕನೆಯದು ಬಾಯಿಗೆ ಬಂದರೆ ಇಬ್ಬರೂ ಕಾಫಿ ಕುಡಿಯುತ್ತಾರೆ.

ಇವತ್ತು ನಾಲ್ಕನೆಯದು ಬಂತು.

"ಜುಮ್ರಾಕ್ಕ, ನಮ್ಮನೆಯವರು ಹೇಳಿ ಕಳಿಸಿದ್ದಾರೆ. ಬೂಟಿನ ವಿಷಯ ಸರಿಯಾಗಿ ನೆನಪಿಲ್ಲ ಅಂತ ನೀವಿಬ್ಬರೂ ಅಂದ್ರೆ... ಕೇಸು ಮುಗಿದ ಮೇಲೆ ಹಾಲಿದಣ್ಣ ಎಲ್ಲಿದ್ದಾರೆ ಅಂತ ಹೇಳ್ತಾರಂತೆ."

ಹಾಲಿದ್ ಅಂದರೆ ಅಪ್ಪ. ಆ ಹೆಸರು ಅವಳ ಬಾಯಲ್ಲಿ ಕೇಳಿ ಎಷ್ಟು ಕಾಲವಾಯಿತೋ.

"ಎಲ್ಲಿದ್ದಾರೆ ಅಂತ ಅವನಿಗೆ ಹೇಗೆ ಗೊತ್ತು?" ಅಂದೆ.

"ಯಾರೋ ಹೇಳಿದ್ದು ಕೇಳಿದಾರಂತೆ."

"ಯಾರೋ. ಈ ಊರಲ್ಲಿ ಎಲ್ಲಾ ಮಾಡಿದ್ದು ಆ ಯಾರೋನೇ ಅತ್ತೆ. ಅವನೊಬ್ಬನನ್ನ ಹಿಡಿದ್ರೆ ಕೋರ್ಟಿಗೆ ಬೀಗ ಹಾಕಬಹುದು."

"ಫೆರೋ, ಸುಮ್ನಿರು." ಅಮ್ಮ ಅತ್ತೆಯ ಬಟ್ಟಲಿಗೆ ಕಾಫಿ ಬಗ್ಗಿಸಿದಳು. ಮೊಟ್ಟೆ ತಾಜಾನಾ ಅಂತ ವಿಚಾರಿಸುವ ದನಿಯಲ್ಲಿ ಕೇಳಿದಳು, "ಮೂಳೆ ಎಲ್ಲಾ ಒಂದೇ ಕಡೆ ಇದೆಯಂತಾ?"

ಮಾರ್ಚ್ 24

ದಿನವಿಡೀ ಜಗಳ.

"ಅವನು ಜೈಲಲ್ಲಿ ಕೂತ್ರೆ ನನಗೇನು ಬಂತು?" ಅಂತಾಳೆ. "ಪ್ರತಿ ಜುಲೈ ಊರವರು ಸಿಕ್ಕಿದ ಮೂಳೆ ಪೆಟ್ಟಿಗೆಯಲ್ಲಿಟ್ಟು ಮಣ್ಣು ಮಾಡ್ತಾರೆ. ನಾನು ಹೋಗಿ ಕಂಡವರ ಪೆಟ್ಟಿಗೆ ಮುಂದೆ ಅಳ್ತೀನಿ. ಇನ್ನೆಷ್ಟು ವರ್ಷ ಕಡ ತಂದು ಅಳಲಿ?"

"ನ್ಯಾಯ ಬೇಡ್ವಾ ಅಮ್ಮಾ?"

"ನ್ಯಾಯಕ್ಕೆ ಗೋರಿ ಕಟ್ಟೋಕಾಗಲ್ಲ ಮಗಾ."

"ಮೋಸ ಮಾಡಿದ್ರೆ?"

"ಅವನು ಮಾಡಬಹುದು. ಸ್ತಾನಾ ಮಾಡಲ್ಲ."

ಸತ್ಯಕ್ಕೆ ಸಾವಿಲ್ಲ ಅನ್ನುತ್ತಾರೆ. ಸತ್ತವರಿಗೆ ಠಾವಿಲ್ಲ. ಪ್ರಾಸ ಕೂತಿತು, ನಿದ್ದೆ ಕೂತಿಲ್ಲ.

ಏಪ್ರಿಲ್ 16, ಮಂಗಳವಾರ. ಸರಾಯೆವೊ

ಹೇಳಿ ಬಂದೆ.

"ಬೂಟು ಬಿಚ್ಚಿದವನು ಯಾರು?" ಅಂದಳು ಸರ್ಕಾರಿ ವಕೀಲೆ.

"ಸರಿಯಾಗಿ ನೆನಪಿಲ್ಲ."

ಕನ್ನಡಕ ತೆಗೆದಳು. ಹಿಂದೆ ನಾನೇ ಕೊಟ್ಟ ಹೇಳಿಕೆ ಓದಿದಳು. ಬೆಂಚು, ಮೂಲೆ, ಮೂತಿ ಹೊರಗೆ... ಎಲ್ಲ ಇತ್ತು. "ಇದು ನೀವು ಹೇಳಿದ್ದೇ?"

"ಆಗ ನೆನಪಿತ್ತು."

ಆರೋಪಿಯ ವಕೀಲ ಎದ್ದ. ಚುರುಕು ಮನುಷ್ಯ. "ಹೋಗಲಿ ಬಿಡಿ. ಮನುಷ್ಯರನ್ನು ಎಳಕೊಂಡು ಹೋಗೋಕೆ ಬಂದವನು ಕೂತು ಬೂಟು ಬಿಚ್ತಾನೆ ಅಂದ್ರೆ ನೀವೇ ನಂಬ್ತೀರಾ?" ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕೆಂದರು.

ವಿದೊಯೆ ಬೂದು ಸೂಟಿನಲ್ಲಿದ್ದ. ಬಡಕಲಾಗಿದ್ದಾನೆ. ನಾನು ಇಳಿದು ಬರುವಾಗ ತಲೆ ಒಂಚೂರು ಆಡಿಸಿದ, ಬೇಲಿಯಾಚೆಯಿಂದ ಆಡಿಸುತ್ತಾರಲ್ಲ ಹಾಗೆ. ಒಳ್ಳೇ ನೆರೆಮನೆಯವನು ನಾನು.

ಲಾಡ್ಜಿನಲ್ಲಿ ಅಮ್ಮ ಕೇಳಿದ್ದು ಒಂದೇ. "ಹೇಳಿದ್ಯಾ?"

"ನೀನು ಹೇಳಿದ ಹಾಗೇ ಹೇಳಿದೆ."

ಇವತ್ತು ಪ್ರಾಸ ಹತ್ತುತ್ತಿಲ್ಲ.

ಏಪ್ರಿಲ್ 17. ಬಸ್ಸಿನಲ್ಲಿ

ಅಮ್ಮ ಕಿಟಕಿಗೆ ತಲೆಯಾನಿಸಿ ಮಲಗಿದ್ದಾಳೆ. ಅಕ್ಷರ ಕುಣಿಯುತ್ತಿವೆ. ಆದರೂ ಈಗಲೇ ಬರೆದುಬಿಡಬೇಕು.

ನನ್ನ ಸರದಿ ಮುಗಿದಿತ್ತಲ್ಲ, ಗಾಜಿನ ಹಿಂದೆ ಜನರ ಸಾಲಿನಲ್ಲಿ ಕೂರಲು ಬಿಟ್ಟರು. ಬಾಗಿಲು ತೆರೆಯಿತು. ಅಮ್ಮ. ತಲೆಗೆ ಬಿಳಿ ವಸ್ತ್ರ, ಹಬ್ಬದ ಕೋಟು. ಕೋರ್ಟಿನ ನೆಲಕ್ಕೆಲ್ಲ ಕಾರ್ಪೆಟ್ಟು. ಅದನ್ನು ನೋಡಿದಳು. ಗೋಡೆಗೆ ಕೈಯಾನಿಸಿದಳು. ಒಂದು ಶೂ, ಇನ್ನೊಂದು ಶೂ... ಕಳಚಿ, ಬಾಗಿಲ ಪಕ್ಕಕ್ಕೆ ಜೋಡಿಸಿಟ್ಟಳು.

ಜವಾನ ಓಡಿ ಬಂದ. ಒಳ್ಳೆಯ ಮನುಷ್ಯ. ಮೆಲ್ಲಗೇ ಹೇಳಿದ, ಮೈಕಿನಲ್ಲಿ ನಮಗೂ ಕೇಳಿಸಿತು.

"ಬಿಚ್ಚಬೇಡಿ ಅಮ್ಮಾ, ಹಾಗೇ ಬನ್ನಿ."

ಅಮ್ಮ ನಿಂತಲ್ಲೇ ನಿಂತಳು. ಹಿಂದಿನ ಸಾಲಿನಲ್ಲಿ ಮತ್ತದೇ ಕಿಸಕ್. ವಿದೊಯೆ ನಗಲಿಲ್ಲ. ಅವನು ಶೂ ನೋಡುತ್ತಿದ್ದ. ಅವನು ನೋಡುವುದನ್ನು ಅಮ್ಮ ನೋಡಿದಳು. ಕಾಲುಚೀಲದಲ್ಲೇ ನಡೆದು ಹೋಗಿ ಕೂತಳು.

ಎಲ್ಲ ಹೇಳಿದಳು. ಬೆಂಚು, ಮೂಲೆ, ಅಪ್ಪನ ಕೊನೆಯ ಮಾತು. ಹೆಸರು ಹೇಳಿ, ಕೈ ಚಾಚಿ ತೋರಿಸಿದಳು.

ವಕೀಲ ಎದ್ದ. "ನಿನ್ನೆ ನಿಮ್ಮ ಮಗನೇ ನೆನಪಿಲ್ಲ ಅಂದರಲ್ಲ?"

"ನಾನೇ ಹೇಳಿಸಿದ್ದು. ತಾಯಿ ಮಾತು ಮೀರೋನಲ್ಲ, ಏನು ಮಾಡೋದು."

"ಯಾಕೆ ಹೇಳಿಸಿದಿರಿ?" ಅಂದರು ನ್ಯಾಯಾಧೀಶರು.

"ಗಂಡನ ಮೂಳೆ ಕೊಡ್ತೀವಿ ಅಂದಿದ್ರು ಸ್ವಾಮಿ."

ವಕೀಲ ಕಾಗದ ಮಗುಚಿದ, ಬಿಡಲಿಲ್ಲ. "ಅಂಥ ಹೊತ್ತಲ್ಲಿ ಯಾರಾದ್ರೂ ಬೂಟು ಬಿಚ್ಚಬೇಕು ಅಂದ್ಕೋತಾರಾ ಅಮ್ಮ?"

"ಅಂದ್ಕೊಂಡು ಯಾರು ಬಿಚ್ತಾರೆ ಮಗು? ಈಗ ನಾನು ಅಂದ್ಕೊಂಡು ಬಿಚ್ಚಿದ್ನಾ?"

ಬಸ್ ಹೊರಟ ಮೇಲೆ ಕೇಳಿದೆ: ನೆನಪಿಲ್ಲ ಅನ್ನೋಕೇ ತಾನೇ ಬಂದದ್ದು?

"ಅನ್ನೋಕೇ ಬಂದಿದ್ದೆ. ನಿಮ್ಮಪ್ಪನ ಮಾತು ಎದುರಿಗೇ ಬಂದು ನಿಂತ್ಬಿಡ್ತಲ್ಲೋ." ತಲೆವಸ್ತ್ರ ಸರಿಮಾಡಿಕೊಂಡು, "ಹೋಯ್ತು" ಅಂದಳು.

ಮೂಳೆ ಹೋಯಿತು ಅಂತ.

ಏಪ್ರಿಲ್ 19

ಇಷ್ಟು ದಿನ ಜಾಮೀನಿನ ಮೇಲಿದ್ದ ವಿದೊಯೆಯನ್ನು ಒಳಗೆ ಹಾಕಿದರು. ಸಾಕ್ಷಿಗಳ ಜೊತೆ ವ್ಯಾಪಾರ ಕುದುರಿಸಿದ್ದಕ್ಕೆ. ನನ್ನನ್ನೂ ಮತ್ತೆ ಕರೆಸಿ ಕೇಳುತ್ತಾರಂತೆ. ಕೇಳಲಿ. ಪಕ್ಕದ ಮನೆಯ ಕಿಟಕಿಗಳು ಮುಚ್ಚಿವೆ. ಹೊಗೆ ಮಾತ್ರ ಏಳುತ್ತದೆ. ಅಮ್ಮ ಇಬ್ಬರಿಗಾಗುವಷ್ಟು ಕಾಫಿ ಕಾಯಿಸಿ, ಒಬ್ಬಳಿಗೆ ಆಗುವಷ್ಟು ಕುಡಿದು, ಉಳಿದದ್ದನ್ನು ಗುಲಾಬಿಯ ಬುಡಕ್ಕೆ ಸುರಿಯುತ್ತಾಳೆ.

ಏಪ್ರಿಲ್ 28, ಭಾನುವಾರ

ಅವರ ಆರ್ಥೊಡಾಕ್ಸ್ ಈಸ್ಟರ್. ಸ್ತಾನಾ ಅತ್ತೆ ಪ್ರತಿ ವರ್ಷ ಕೆಂಪು ಮೊಟ್ಟೆ ತರುತ್ತಾಳೆ; ನಮ್ಮ ಈದ್ ಹಬ್ಬ ಬೈರಾಮಿಗೆ ಅಮ್ಮ ಬಕ್ಲಾವಾ ಸಿಹಿ ಕಳಿಸುತ್ತಾಳೆ. ಈ ಸಲ ಯಾರು ಕಾಯುತ್ತಾರೆ.

ಬಂದಳು. ಕೈಯಲ್ಲಿ ಮೊಟ್ಟೆಯಿಲ್ಲ. ಹೊಸ್ತಿಲಾಚೆಯೇ ನಿಂತಳು. ಅಮ್ಮ ಬಿಚ್ಚಬೇಡ ಅನ್ನಲಿಲ್ಲ. ಅವಳು ಬಿಚ್ಚಲಿಲ್ಲ.

"ಹಳೇ ಕಲ್ಲುಗಣಿ ಹಿಂದೆ ಸುಣ್ಣದ ಗುಂಡಿ ಇತ್ತಲ್ಲ ಅಕ್ಕ. ಈಗ ಅದರ ಮೇಲೆ ಊರ ಕಸ. ಅದರ ಕೆಳಗೆ."

"ಒಬ್ಬರೇನಾ?"

"ಅಲ್ಲ."

ಅಮ್ಮ ಚೌಕಟ್ಟು ಹಿಡಿದುಕೊಂಡಳು. "ಅವನು ಹೇಳು ಅಂದ್ನಾ?"

"ಅವರಿಗೆ ಗೊತ್ತಿಲ್ಲ ನಾನು ಬಂದಿರೋದು. ನಾಳೆ ವಕೀಲಮ್ಮನಿಗೂ ಹೇಳ್ತೀನಿ."

"ನಿನಗೆ ಯಾವಾಗಿಂದ ಗೊತ್ತು?"

ಅತ್ತೆ ತನ್ನ ಶೂ ನೋಡಿಕೊಂಡಳು.

"ಅವತ್ತಿಂದ. ಬೂಟಿಗೆ ಸುಣ್ಣ ಮೆತ್ತಿತ್ತು. ತೊಳೆದವಳು ನಾನು."

ಅಷ್ಟು ಕಾಫಿ. ಅಷ್ಟು ಕೋಳಿ, ಅಷ್ಟು ಮೊಣಕಾಲು, ಅಷ್ಟು ಮೊಮ್ಮಕ್ಕಳು.

ಅಮ್ಮ ಬಾಗಿಲು ಹಾಕಿದಳು. ಮೆಲ್ಲಗೆ, ಒಳಗೆ ಮಗು ಮಲಗಿದೆಯೇನೋ ಎಂಬಂತೆ.

ಜೂನ್ 11, ಮಂಗಳವಾರ. ಗಣಿಯ ಹತ್ತಿರ, ವ್ಯಾನಿನಲ್ಲಿ

ಇಷ್ಟು ದಿನ ಬರೆಯಲು ಕೈ ಬರಲಿಲ್ಲ. ರಂಜಾನ್ ಬಂತು, ಹೋಯಿತು. ಸ್ತಾನಾ ಅತ್ತೆ ವಕೀಲೆಗೆ ಹೇಳಿ, ಮನೆಗೆ ಬೀಗ ಹಾಕಿ ಮಗಳ ಊರಿಗೆ ಹೋದಳಂತೆ. ಬೈರಾಮಿನ ಬಕ್ಲಾವಾ ಈ ಸಲವೂ ಅಮ್ಮ ಎಂದಿನಷ್ಟೇ ಮಾಡಿದ್ದಳು. ಒಂದು ತಟ್ಟೆ ಹಾಗೇ ಉಳಿಯಿತು.

ಕಸ ಎತ್ತಿದ್ದಾರೆ. ಹಳೇ ಫ್ರಿಜ್ಜುಗಳು, ಪ್ಲಾಸ್ಟಿಕ್ಕು, ಟೈರುಗಳು. ಕೆಲವು ನನ್ನ ಅಂಗಡಿಯವೇ. ಸವೆದದ್ದನ್ನೆಲ್ಲ ನಾನೇ ವ್ಯಾನಿನಲ್ಲಿ ತಂದು ಇಲ್ಲಿ ಸುರಿಯುತ್ತಿದ್ದೆ. ಅಪ್ಪನ ಮೇಲೆ.

ಬಿಳಿ ಉಡುಪಿನವರು ಈಗ ಕರಣೆ, ಬ್ರಷ್ಷು ಹಿಡಿದಿದ್ದಾರೆ. ಕೆಳಗೆ ಮಣ್ಣು ಬೆಳ್ಳಗಾಗುತ್ತಿದೆ. ಡಿಎನ್ಎ ಪರೀಕ್ಷೆಗೆ ನನ್ನ ರಕ್ತ ಎಂದೋ ಕೊಟ್ಟಾಗಿದೆ. ತಾಳೆ ನೋಡಲು ವಾರಗಳು ಹಿಡಿಯುತ್ತವೆ, ಇವತ್ತೇ ಏನೂ ಗೊತ್ತಾಗಲ್ಲ ಅಂದರು. ಹಗ್ಗ ದಾಟಬೇಡಿ ಅಂತಲೂ ಅಂದರು. ಅಮ್ಮನಿಗೆ ಮಡಿಸುವ ಕುರ್ಚಿ ಕೊಟ್ಟಿದ್ದಾರೆ. ಕೂತಿಲ್ಲ.

ಕೂಗುತ್ತಿದ್ದಾರೆ. ಏನೋ ಕಾಣಿಸಿರಬೇಕು. ಕುರ್ಚಿ ಬಿದ್ದಿದೆ. ಅಮ್ಮ ಆಗಲೇ ಹಗ್ಗದಾಚೆ, ಬರೀ ಕಾಲುಚೀಲದಲ್ಲಿ. ಶೂ ಇಲ್ಲೇ ಹಗ್ಗದೀಚೆ ಜೋಡಿಸಿಟ್ಟು—