ಬ್ರಹ್ಮಹೃದಯದ ಪಕ್ಕದ ಮಸುಕು

ಜನವರಿ 9, ಸಂಜೆ

ಮೂರು ಶೋ. ಗಂಟಲು ಕಟ್ಟಿದೆ. ತಾರಾಲಯದ ಕತ್ತಲೆಯಲ್ಲಿ ಅದೇ ಮಾತು, ಅದೇ ಧಾಟಿ — ಮಹಾವ್ಯಾಧನ ಸೊಂಟದ ಮೂರು ನಕ್ಷತ್ರ ಗುರುತಿಸಿ, ಅದರ ಕೆಳಗೆ ಕತ್ತಿ, ಕತ್ತಿಯ ನಡುವೆ ಮಬ್ಬಾಗಿ ಕಾಣುವುದೇ ನೀಹಾರಿಕೆ, ನಕ್ಷತ್ರ ಹುಟ್ಟುವ ಮೋಡ. ಮಕ್ಕಳು ಹೋ ಎಂದರು. ಹಿಂದಿನ ಸಾಲಿನಲ್ಲಿ ಅವರ ಮೇಷ್ಟ್ರ ಗೊರಕೆ.

ಶೋ ಮುಗಿದ ಮೇಲೆ ನಿರ್ದೇಶಕರು ಕರೆಸಿದರು. "ಕೂತ್ಕೊಳ್ಳಿ" ಅಂದಾಗಲೇ ಏನೋ ಕಾದಿದೆ ಅನ್ನಿಸಿತು.

"ನಿಮ್ಮ... ಅವರು ಹೊಸ ನೀಹಾರಿಕೆ ಕಂಡುಹಿಡಿದಿದ್ದಾರಂತಲ್ಲ. ಪೇಪರ್‌ನಲ್ಲಿ ಬಂದಿದೆ. ಗೊತ್ತಿತ್ತಾ?"

'ನಿಮ್ಮ' ಆದ ಮೇಲೆ ಏನು ಹೇಳುವುದೆಂದು ತೋಚದೆ ಕೆಮ್ಮಿದರು. ಪಾಪ. ಡೈವೋರ್ಸ್ ಆದವರನ್ನು ಕರೆಯಲು ನನಗೂ ಪದ ಸಿಕ್ಕಿಲ್ಲ. ಇಲ್ಲಿ 'ಮಗಳ ಅಪ್ಪ' ಎಂದೇ ಬರೆಯುತ್ತೇನೆ. ಅದೊಂದನ್ನು ಯಾವ ಕೋರ್ಟೂ ರದ್ದು ಮಾಡಿಲ್ಲ.

ಪೇಪರ್ ನೋಡಿದೆ. ಬ್ರಹ್ಮಹೃದಯ ನಕ್ಷತ್ರದ ಪಕ್ಕ, ಉಂಗುರದಂಥ ಮಸುಕು. ಆ ಫೋಟೋ ನನ್ನದು. ಹೋದ ಚಳಿಗಾಲ ನಮ್ಮ ಟೆರೇಸಿನಲ್ಲಿ ತೆಗೆದದ್ದು. "ಇಲ್ಲಿ ಏನೋ ಇದೆ, ಬನ್ನಿ" ಎಂದು ಕೂಗಿದವಳು ನಾನು. "ಚಳಿ ಕಣೇ, ನಾಳೆ ನೋಡೋಣ" ಎಂದವರು ಅವರು. ಈಗ ಪೇಪರಿನಲ್ಲಿ ಟೆಲಿಸ್ಕೋಪಿಗೆ ಒರಗಿ, ಎದೆ ಉಬ್ಬಿಸಿ ನಿಂತಿದ್ದಾರೆ. ನನ್ನ ಹೆಸರು ಎಲ್ಲೂ ಇಲ್ಲ. ಎರಡು ಸಲ ಓದಿದೆ.

ಜನವರಿ 11

ಮಗಳ ಅಪ್ಪನಿಗೆ ಫೋನ್ ಮಾಡಿದೆ. ಮಾಡಬಾರದಿತ್ತು.

"ಆ ಫೋಟೋ ತೆಗೆದಿದ್ದು ನಾನು."

"ಟೆಲಿಸ್ಕೋಪು ಯಾರದು?"

"ಇಬ್ಬರದೂ. ಈಗ ನಿಮ್ಮ ಹತ್ರ ಇದೆ, ಅಷ್ಟೇ. ನೋಡಿದ್ದು ನನ್ನ ಕಣ್ಣು."

"ಕಣ್ಣಿಗೆ ಬಿದ್ದಿದ್ದೆಲ್ಲಾ ಕಂಡುಹಿಡಿದ ಹಾಗಲ್ಲ. ಅದರ ಜಾಗ ಅಳೆದಿದ್ದು ನಾನು. ಹಳೇ ಪಟ್ಟಿಗಳಲ್ಲಿ ಇದೆಯಾ ಅಂತ ಹುಡುಕಿದ್ದು ನಾನು. ಬರೆದು ಕಳಿಸಿದ್ದೂ ನಾನೇ. ನೀನೇನು ಮಾಡಿದೆ? ಕೆಳಗೆ ಹೋಗಿ ಮಲಗಿದೆ."

ಹೌದು, ಮಲಗಿದೆ. ಮಗಳಿಗೆ ಜ್ವರ. ಅವಳ ಪಕ್ಕ ಮಲಗಿದೆ.

ಜನವರಿ 23

ಇವತ್ತಿನ ಶೋನಲ್ಲಿ ಏಡಿ ನೀಹಾರಿಕೆ. ಕಥೆ ಬಾಯಿಪಾಠ. ಧೂಮಕೇತು ಹುಡುಕುತ್ತಿದ್ದ ಒಬ್ಬನಿಗೆ ವೃಷಭ ರಾಶಿಯಲ್ಲಿ, ಗೂಳಿಯ ಕೊಂಬಿನ ತುದಿಯ ಹತ್ತಿರ, ಅಲುಗದ ಒಂದು ಮಬ್ಬು ಅಡ್ಡ ಬಂತು. ಮತ್ತೆ ಮೋಸ ಹೋಗಬಾರದೆಂದು ಇಂಥವನ್ನೆಲ್ಲ ಪಟ್ಟಿ ಮಾಡಿದ. ಅವನ ಧೂಮಕೇತುಗಳನ್ನು ಜನ ಮರೆತರು, ಪಟ್ಟಿ ಉಳಿಯಿತು.

ಆದರೆ ಆ ಮಬ್ಬನ್ನು ಮೊದಲು ನೋಡಿದವನು ಬೇರೆ, ಒಬ್ಬ ವೈದ್ಯ. ಅದು ಗೊತ್ತಾದ ಮೇಲೆ ಪಟ್ಟಿಯವನು ಮರುಮುದ್ರಣದಲ್ಲಿ ಆ ವೈದ್ಯನ ಹೆಸರನ್ನೂ ಸೇರಿಸಿದ.

ಇದನ್ನು ಹೇಳುತ್ತಾ ನಡುವೆ ನಿಲ್ಲಿಸಿ, ನೀರು ಕುಡಿಯುವ ನೆಪ ಮಾಡಿದೆ.

ಫೆಬ್ರವರಿ 2

ಮಾರ್ಚ್ ಐದಕ್ಕೆ ನಮ್ಮ ಸಭಾಂಗಣದಲ್ಲೇ ಮಗಳ ಅಪ್ಪನಿಗೆ ಸನ್ಮಾನ. ಪರಿಚಯ ಭಾಷಣ ನನ್ನದಂತೆ.

"ಬೇರೆ ಯಾರಿಗಾದ್ರೂ ಹೇಳಿ ಸರ್."

"ನಿಮಗಿಂತ ಚೆನ್ನಾಗಿ ಅವರನ್ನ ಯಾರು ಬಲ್ಲರು?" ತಮಾಷೆಗಲ್ಲ, ನಿರ್ದೇಶಕರು ಮನಸಾರೆ ಕೇಳಿದರು.

ಮಧ್ಯಾಹ್ನ ಮಗಳು ಬಂದಳು. ಕಾಲೇಜಿಗೆ ಹತ್ತಿರವೆಂದು ಅಪ್ಪನ ಮನೆಯಲ್ಲೇ ಇದ್ದಾಳೆ. ಊಟ ಮಾಡುತ್ತಾ, ತಲೆ ಎತ್ತದೆ — "ಅಪ್ಪಂಗೆ ಎಷ್ಟೋ ದಿನದ ಮೇಲೆ ಒಂದು ಖುಷಿ ಸಿಕ್ಕಿದೆ. ಬಿಟ್ಟುಬಿಡಮ್ಮ."

ಬಿಟ್ಟುಬಿಡುವುದರಲ್ಲಿ ನನಗೆ ಒಳ್ಳೆ ಸರ್ವಿಸ್ ಇದೆ.

ಫೆಬ್ರವರಿ 8, ರಾತ್ರಿ ಒಂಬತ್ತೂವರೆ

ಇದ್ದದ್ದು ಇದ್ದಂತೆ ಬರೆಯಬೇಕು.

ಟೆರೇಸಿನ ಆ ರಾತ್ರಿ ಕ್ಯಾಮೆರಾಕ್ಕೆ ಹಾಕಿದ್ದ ಕೆಂಪು ಫಿಲ್ಟರ್, ಮನೆ ಬಿಡುವಾಗ ನನ್ನ ಸಾಮಾನಿನ ಜೊತೆ ಬಂದುಬಿಟ್ಟಿತ್ತು. ಅದೇ ಫೋಟೋ ಮತ್ತೆ ತೆಗೆಯೋಣ, ನನ್ನ ಹಕ್ಕಿಗೆ ಸಾಕ್ಷಿ ಆಗಲಿ ಎಂಬ ಹಟ. ಕತ್ತಲಾದ ಮೇಲೆ ಕ್ಯಾಮೆರಾ ಸಮೇತ ತಾರಾಲಯದ ಮಾಳಿಗೆಯ ಟೆಲಿಸ್ಕೋಪಿಗೆ ಸಿಕ್ಕಿಸಿದೆ. ಬ್ರಹ್ಮಹೃದಯದ ಪಕ್ಕ ಉಂಗುರ ಬಂತು. ಕುಣಿಯುವಷ್ಟು ಖುಷಿ.

ಟೆಲಿಸ್ಕೋಪನ್ನು ಒಂದು ಕೂದಲಷ್ಟು ಸರಿಸಿದೆ. ಉಂಗುರ ನಕ್ಷತ್ರದ ಆಚೆ ಬದಿಗೆ ಹೋಯಿತು.

ಆಕಾಶದಲ್ಲಿರುವುದು ಹಾಗೆ ಜಾಗ ಬದಲಿಸುವುದಿಲ್ಲ. ಇನ್ನೊಂದು ಪ್ರಖರ ನಕ್ಷತ್ರ ಲುಬ್ಧಕಕ್ಕೆ ತಿರುಗಿಸಿದೆ — ಅಲ್ಲೂ ಅದೇ ಉಂಗುರ. ಫಿಲ್ಟರ್ ತೆಗೆದೆ. ಮಾಯ.

ನೀಹಾರಿಕೆಯೂ ಇಲ್ಲ, ಮಣ್ಣೂ ಇಲ್ಲ. ಹೊಳೆಯುವ ನಕ್ಷತ್ರದ ಬೆಳಕು ಗಾಜಿನೊಳಗೆ ಪುಟಿದು ಬಿದ್ದ ಕಲೆ. ಇದಕ್ಕಾಗಿ ಒಂದು ತಿಂಗಳಿಂದ ಹಲ್ಲು ಕಚ್ಚಿ ಬದುಕಿದ್ದೇನೆ.

ಫೆಬ್ರವರಿ 10

ಅವರ ಮನೆಗೇ ಹೋಗಿ ಹೇಳಿದೆ. ಬಾಗಿಲಲ್ಲೇ ನಿಲ್ಲಿಸಿದರು.

"ಹೊಟ್ಟೆಕಿಚ್ಚಿಗೂ ಒಂದು ಮಿತಿ ಇರಬೇಕು."

"ನಂಬಬೇಡಿ. ತಗೊಳ್ಳಿ ಫಿಲ್ಟರು, ನೀವೇ ಹಾಕಿ ನೋಡಿ. ಸನ್ಮಾನಕ್ಕೆ ಮೊದಲು ಹೇಳಿದ್ದನ್ನ ವಾಪಸ್ ತಗೊಂಡರೆ ಮರ್ಯಾದೆ ಉಳಿಯುತ್ತೆ."

"ನಿನಗೆ ಸಿಗದಿದ್ದು ನನಗೂ ಸಿಗಬಾರದು. ಅಷ್ಟೇ ತಾನೇ?"

ಫಿಲ್ಟರ್ ಜೇಬಿಗೆ ಹಾಕಿಕೊಂಡು ಬಾಗಿಲು ಹಾಕಿದರು. ಒಳಗೆ ಮಗಳು ಟಿವಿಯ ಸದ್ದು ಜೋರು ಮಾಡಿದಳು.

ಫೆಬ್ರವರಿ 12

ನಿರ್ದೇಶಕರಿಗೂ ಹೇಳಿದೆ. ಕನ್ನಡಕ ಒರೆಸಿಕೊಂಡರು. ಬಹಳ ಹೊತ್ತು ಒರೆಸಿಕೊಂಡರು.

"ನೀವು ಹೇಳ್ತಿರೋದು ನಿಜಾನೇ ಇರಬಹುದು. ಆದರೆ ನೀವು ಹೇಳಿದರೆ ಜನ ಬೇರೆ ಥರ ತಿಳ್ಕೋತಾರೆ. ಕಾರ್ಡ್ ಬೇರೆ ಪ್ರಿಂಟ್ ಆಗಿದೆ. ಸುಮ್ನಿರಿ."

ಮಾರ್ಚ್ 5

ಮುಗಿಯಿತು. ಹಾರ, ಶಾಲು, ಫೋಟೋ. ಪರಿಚಯ ಭಾಷಣದ ಕೊನೆಗೆ ಒಂದು ಸಾಲು ಸೇರಿಸಿದೆ — "ಬೇರೊಂದು ದೊಡ್ಡ ದೂರದರ್ಶಕ ಇದನ್ನು ನೋಡಿ ಖಚಿತಪಡಿಸಬೇಕಾಗಿದೆ." ಆ ಸಾಲಿಗೇ ಚಪ್ಪಾಳೆ ಬಿತ್ತು. ಯಾರೂ ಕೇಳಿಸಿಕೊಳ್ಳಲಿಲ್ಲ. ಅವರು ಕೇಳಿಸಿಕೊಂಡರು. ನನ್ನ ಕಡೆ ನೋಡಲಿಲ್ಲ.

ಫಿಲ್ಟರ್ ಹಾಕಿ ನೋಡಿದ್ದಾರೆ. ನೋಡದವರ ಮುಖ ಹಾಗಿರುವುದಿಲ್ಲ.

ಮಾರ್ಚ್ 27

ದೊಡ್ಡ ವೀಕ್ಷಣಾಲಯದವರು ನೋಡಿದರಂತೆ. ಹೇಳಿದ ಜಾಗದಲ್ಲಿ ಏನೂ ಇಲ್ಲ. ಪೇಪರ್‌ನಲ್ಲಿ ಮಗಳ ಅಪ್ಪನ ಹೇಳಿಕೆ:

"ಅಂದು ಕ್ಯಾಮೆರಾ ನೋಡಿಕೊಂಡದ್ದು ನನ್ನ ಆಗಿನ ಪತ್ನಿ. ಫಿಲ್ಟರ್ ಕೂಡ ಅವರ ಆಯ್ಕೆ. ನಾನು ಅವರನ್ನು ನಂಬಿದೆ."

ಕೆಳಗೆ ನನ್ನ ಹೆಸರು. ಇನಿಷಿಯಲ್ ಸಮೇತ. ಒಂದು ಅಕ್ಷರ ತಪ್ಪಿಲ್ಲ.

ಮಾರ್ಚ್ 28

ಒಂದಷ್ಟು ದಿನ ಶೋ ಬೇಡವಂತೆ. ಟಿಕೆಟ್ ಕೌಂಟರ್. "ಮಕ್ಕಳ ತಂದೆತಾಯಿ ಕೇಳ್ತಾರೆ, ತಪ್ಪು ತಿಳ್ಕೋಬೇಡಿ" ಎಂದರು ನಿರ್ದೇಶಕರು. ಮತ್ತೆ ಕನ್ನಡಕ ಒರೆಸಿಕೊಂಡರು.

ಸಂಜೆ ಮಗಳ ಫೋನು.

"ಅಪ್ಪ ಸರಿಯಾಗಿ ಊಟ ಮಾಡ್ತಿಲ್ಲ. ಜನ ಎದುರಿಗೇ ನಗ್ತಾರಂತೆ. ನೀನೊಂದು ಮಾತು ಹೇಳಿಬಿಡಮ್ಮ, ತಪ್ಪು ನನ್ನದೇ ಅಂತ. ನಿನಗೇನು ಹೋಗುತ್ತೆ?"

ಫೋನನ್ನು ಇನ್ನೊಂದು ಕಿವಿಗೆ ಬದಲಿಸಿದೆ.

"ಅಲ್ಲಾ, ಆ ಫೋಟೋ ತೆಗೆದಿದ್ದು ನೀನೇ ತಾನೇ?"

ಜನವರಿಯಿಂದ ಯಾರಾದರೂ ಇದನ್ನು ಕೇಳಲಿ ಎಂದು ಕಾದಿದ್ದೆ. "ಹೌದು, ನಾನೇ" ಎಂದೆ. ಅವಳು "ಸರಿ, ಅಪ್ಪಂಗೆ ಹೇಳ್ತೀನಿ, ನೀನು ಒಪ್ಪಿಕೊಂಡೆ ಅಂತ" ಎಂದಳು. ಅದಲ್ಲ, ನಾನು ಹೇಳಿದ್ದು ಅದಲ್ಲ ಅನ್ನುವಷ್ಟರಲ್ಲಿ ಫೋನ್ ಇಟ್ಟಿದ್ದಳು.